ನನ್ನ ದನಿ, ಅವರ ತೊಡೆಯ ಮೇಲಿನ ಗೊಂಬೆ

ನನ್ನ ಗೊಂಬೆಯ ಜಡೆಗಳನ್ನು ಹೆಡ್‌ಮೇಷ್ಟ್ರು ಕತ್ತರಿಸಿದ್ದು ನ್ಯಾಮತಿಯ ಶಾಲೆಯ ಆಫೀಸು ಕೋಣೆಯಲ್ಲಿ, ಮಧ್ಯಾಹ್ನ ಊಟಕ್ಕೆ ಬಿಟ್ಟಿದ್ದಾಗ. ಕಾಗದ ಕತ್ತರಿಸಲು ಇಟ್ಟಿದ್ದ ಕತ್ತರಿಯಿಂದಲೇ ಕತ್ತರಿಸಿದ್ದರು. ನಾನು ಒಳಗೆ ಕಾಲಿಡುವ ಹೊತ್ತಿಗೆ ಎರಡು ಜಡೆಗಳೂ ಮೇಜಿನ ಮೇಲೆ, ಅವರ ಟಿಫಿನ್ ಡಬ್ಬಿಯ ಪಕ್ಕದಲ್ಲಿ ಬಿದ್ದಿದ್ದವು. ಅವರು ತಲೆ ಎತ್ತಿ ನೋಡಿ, "ಬರ್ರಿ ಟೀಚರಮ್ಮ. ಈಗ ನೋಡ್ರಿ, ಗಂಡುಹುಡುಗನ ಕಳೆ ಬಂತು," ಎಂದರು. ಖುಷಿಯಾಗಿದ್ದರು. ನಾನೂ ಖುಷಿಪಡುತ್ತೇನೆಂದು ನಿಜವಾಗಿಯೂ ನಂಬಿದ್ದರು.

ಆ ಜಡೆ ನನ್ನ ಅವ್ವನ ಕೂದಲಿನದು. ಬಾಚಿದಾಗ ಉದುರಿದ ಕೂದಲನ್ನು ಅವ್ವ ಸುತ್ತಿ ಸುತ್ತಿ ಗೋಡೆಯ ಸಂದಿಗೆ ಸಿಕ್ಕಿಸುತ್ತಿದ್ದಳು. ಪಿನ್ನು ರಿಬ್ಬನ್ನು ಮಾರುವವರು ಬಂದಾಗ ಕೂದಲು ಕೊಟ್ಟು ಸೂಜಿ ದಾರ ತೆಗೆದುಕೊಳ್ಳುವುದು ನಮ್ಮೂರಿನ ಹೆಂಗಸರ ರೂಢಿ. ನಾನು ಗೊಂಬೆ ಮಾಡುತ್ತಿದ್ದೇನೆಂದು ತಿಳಿದ ಮೇಲೆ ಅವ್ವ ವರ್ಷಗಟ್ಟಲೆ ಕೂಡಿಟ್ಟಿದ್ದನ್ನೆಲ್ಲ ತೊಳೆದು, ಒಣಗಿಸಿ, ಎಣ್ಣೆ ಹಚ್ಚಿ, ತಾನೇ ಹೆಣೆದು ಕಳಿಸಿದ್ದಳು. ಹೆಡ್‌ಮೇಷ್ಟ್ರಿಗೆ ಅದು ಗೊತ್ತಿರಲಿಲ್ಲ. ಕೇಳಿದ್ದರೆ ಹೇಳುತ್ತಿದ್ದೆ. ಕೇಳಲಿಲ್ಲ.

ಅದೆಲ್ಲ ಆಗಿ ಎಷ್ಟೋ ಕಾಲವಾಯಿತು. ನನ್ನ ಸಿಟ್ಟು ಇಳಿದಿಲ್ಲ. ಬರೆದರೆ ಮನಸ್ಸು ಹಗುರಾಗುತ್ತದೆ ಎಂದು ಹೇಳುವವರಿದ್ದಾರೆ. ಹಗುರಾಗಲೆಂದು ನಾನು ಬರೆಯುತ್ತಿಲ್ಲ. ಆ ಗೊಂಬೆಯನ್ನು ಮಾತಾಡಿಸಿದವರು ಯಾರು ಎಂಬ ಬಗ್ಗೆ ಹೊನ್ನಾಳಿ, ಚನ್ನಗಿರಿ ಕಡೆಯ ಮೇಷ್ಟ್ರುಗಳು ಇವತ್ತಿಗೂ ತಪ್ಪು ಹೇಳುತ್ತಾರೆ. ಅದಕ್ಕೆ ಬರೆಯುತ್ತಿದ್ದೇನೆ.

ನಾನು ಹುಟ್ಟಿ ಬೆಳೆದದ್ದು ಜಗಳೂರಿನಲ್ಲಿ. ನಾವು ಪಿಂಜಾರರು, ಮನೆಯಲ್ಲಿ ಕನ್ನಡವನ್ನೇ ಆಡುವ ಮುಸಲ್ಮಾನರು. ಅಪ್ಪ ಹತ್ತಿ ಹಿಂಜಿ ಗಾದಿ, ದಿಂಬು ಹೊಲಿಯುತ್ತಿದ್ದ. ದೊಡ್ಡ ಬಿಲ್ಲಿನ ನರಕ್ಕೆ ಕಟ್ಟಿಗೆಯ ಗುಂಡಿನಿಂದ ಹೊಡೆದಾಗ ಬರುವ ಝೇಂಕಾರ ನಮ್ಮ ಮನೆಯಲ್ಲಿ ಬೆಳಗಿನಿಂದ ಸಂಜೆಯವರೆಗೆ ಕೇಳುತ್ತಿತ್ತು. ಆ ಸದ್ದಿನಲ್ಲಿ ಮಾತು ಕೇಳಬೇಕಾದರೆ ಒಬ್ಬರ ತುಟಿಯನ್ನು ಇನ್ನೊಬ್ಬರು ನೋಡಬೇಕಾಗಿತ್ತು. ತುಟಿಯನ್ನು ಗಮನಿಸುವ ಅಭ್ಯಾಸ ನನಗೆ ಅಲ್ಲೇ ಬಿದ್ದಿರಬೇಕು.

ಜಗಳೂರಿನ ಸಂತೆಗೆ ಹಲ್ಲುಪುಡಿ ಮಾರುವ ಒಬ್ಬ ಮನುಷ್ಯ ಬರುತ್ತಿದ್ದ. ಅವನ ಮೊಣಕಾಲ ಮೇಲೆ ಒಂದು ಮರದ ಗೊಂಬೆ ಕೂತಿರುತ್ತಿತ್ತು. ಅದು ಸಂತೆಗೆ ಬಂದವರ ಹಲ್ಲು ನೋಡಿ ಬೈಯುತ್ತಿತ್ತು. "ಏ ಯಜಮಾನ, ನಿನ್ನ ಹಲ್ಲಾಗೆ ರಾಗಿ ಬೆಳೀಬಹುದು ಕಣೋ," ಎಂದರೆ ಬೈಸಿಕೊಂಡವರೇ ನಕ್ಕು ಪುಡಿ ಕೊಳ್ಳುತ್ತಿದ್ದರು. ಎಲ್ಲರೂ ಗೊಂಬೆಯನ್ನು ನೋಡುತ್ತಿದ್ದರೆ ನಾನು ಅವನ ತುಟಿ ನೋಡುತ್ತಿದ್ದೆ. ಒಂದು ಸಂತೆಯ ದಿನ ಅವನು ಗಂಟು ಕಟ್ಟುವಾಗ ಹತ್ತಿರ ಹೋಗಿ ನಿಂತೆ.

"ಏನವ್ವ ತಾಯಿ, ಹಲ್ಲುಪುಡಿ ಬೇಕೇನು?"

"ಬ್ಯಾಡ. ಅದು ಹೆಂಗೆ ಮಾತಾಡತೈತೆ?"

ಅವನು ಗಂಟು ಕೆಳಗಿಟ್ಟ. "ಪ ಅನ್ನು," ಎಂದ. ಅಂದೆ. "ತುಟಿ ಮುಚ್ಚಿತಾ? ಬ ಅನ್ನು. ಮ ಅನ್ನು. ಮುಚ್ತಾವಲ್ಲ? ಅವು ಮೂರೇ ಕಣವ್ವ ಶತ್ರುಗಳು. ಪ ಬರೋ ಕಡೆ ತ ಹಾಕು, ಬ ಬರೋ ಕಡೆ ದ, ಮ ಬರೋ ಕಡೆ ನ. ಬೇಗ ಬೇಗ ಅನ್ನು. ಕೇಳೋರ ಕಿವೀನೇ ಸರಿಮಾಡ್ಕೊಂತೈತೆ." ಅಷ್ಟು ಹೇಳಿ ಗಂಟು ಹೊತ್ತು ಬಸ್ಸಿಗೆ ಹೋದ. ನನಗೆ ಈ ವಿದ್ಯೆ ಕಲಿಸಿದ ಗುರು ಅವನೊಬ್ಬನೇ. ಇದನ್ನು ಮೊದಲೇ ಸ್ಪಷ್ಟ ಮಾಡಿಬಿಡುತ್ತೇನೆ.

ಕನ್ನಡಿಯ ಮುಂದೆ ನಿಂತು ವರ್ಷಗಟ್ಟಲೆ ಅಭ್ಯಾಸ ಮಾಡಿದೆ. ಹಲ್ಲುಗಳ ನಡುವೆ ಸ್ವಲ್ಪ ಸಂದಿ ಬಿಟ್ಟು, ತುಟಿ ಸಡಿಲವಾಗಿ ತೆರೆದು, ಗಂಟಲಿನ ಹಿಂದಿನಿಂದ ಮಾತಾಡಬೇಕು. ನಮ್ಮ ಭಾಷೆಯಲ್ಲಿ ಅದು ಸುಲಭವಲ್ಲ. 'ಅಪ್ಪ' ಎನ್ನಲು ಆಗುವುದೇ ಇಲ್ಲ, 'ಅತ್ತ' ಎನ್ನಬೇಕು. 'ಅವ್ವ' ಎಂಬುದನ್ನು ಹೇಗೋ ಎಳೆದು ಹೇಳಬಹುದು. ನನ್ನ ಅವ್ವ ಮೊದಮೊದಲು ನನಗೆ ಹಲ್ಲುನೋವೆಂದು ತಿಳಿದು ಲವಂಗ ಕೊಟ್ಟಳು. ಆಮೇಲೆ ಒಂದು ದಿನ ನಾನು ರೊಟ್ಟಿ ಬುಟ್ಟಿಯ ಒಳಗಿಂದ "ಅವ್ವ, ಹಸಿವು" ಅನ್ನಿಸಿದಾಗ ಬುಟ್ಟಿಯ ಮುಚ್ಚಳ ತೆಗೆದು ನೋಡಿದಳು. ಅಪ್ಪ ಬಿಲ್ಲು ಬದಿಗಿಟ್ಟು ಕೆಮ್ಮು ಬರುವವರೆಗೆ ನಕ್ಕ.

ಟ್ರೈನಿಂಗ್ ಮುಗಿಸಿ ಎಪ್ಪತ್ತರ ದಶಕದ ಆರಂಭದಲ್ಲಿ ನ್ಯಾಮತಿಯ ಪ್ರಾಥಮಿಕ ಶಾಲೆಗೆ ಟೀಚರಾಗಿ ಬಂದೆ. ಒಂದನೇ ಎರಡನೇ ಕ್ಲಾಸು ನನ್ನ ಪಾಲಿಗೆ ಬಂತು. ಮಕ್ಕಳು ಬಾಯಿ ಬಿಡುತ್ತಿರಲಿಲ್ಲ. ಪ್ರಶ್ನೆ ಕೇಳಿದರೆ ಸ್ಲೇಟು ನೋಡುತ್ತಿದ್ದರು. ತಪ್ಪು ಹೇಳಿದರೆ ಹೊಡೆತ ಬೀಳುತ್ತದೆಂದು ಮನೆಯಿಂದಲೇ ಕಲಿತು ಬಂದಿದ್ದರು. ಅವರಿಗಿಂತ ಹೆಚ್ಚು ತಪ್ಪು ಹೇಳುವ ಒಬ್ಬಳು ಕ್ಲಾಸಿನಲ್ಲಿದ್ದರೆ ಅವರ ಬಾಯಿ ಬಂದೀತು ಅನ್ನಿಸಿತು. ಹಾಗೆ ಗೊಂಬೆ ಹುಟ್ಟಿತು.

ಹಳೆಯ ಕಾಗದ ನೆನೆಹಾಕಿ, ಮೆಂತ್ಯದ ಜೊತೆ ರುಬ್ಬಿ, ನಮ್ಮ ಹೆಂಗಸರು ಬುಟ್ಟಿಗೆ ಮೆತ್ತುತ್ತಾರಲ್ಲ, ಅದೇ ಮುದ್ದೆಯಿಂದ ತಲೆ ಮಾಡಿದೆ. ಕೆಳದವಡೆಗೆ ಒಂದು ದಾರ, ಅದು ಹಿಂದಕ್ಕೆ ಬಂದು ಮುಚ್ಚಿಕೊಳ್ಳಲು ಸೈಕಲ್ ಟ್ಯೂಬಿನ ರಬ್ಬರು. ಮೈ ಅಪ್ಪ ಹೊಲಿದದ್ದು. ದಸರೆ ರಜೆಗೆ ಜಗಳೂರಿಗೆ ಹೋದಾಗ ಅವನು ಬೇರೆ ಕೆಲಸ ಬಿಟ್ಟು ಅದರ ಕೈಕಾಲಿಗೆ ಹತ್ತಿ ತುಂಬಿದ. ಬೆನ್ನಿನಲ್ಲಿ ನನ್ನ ಕೈ ಹೋಗುವಷ್ಟು ಜಾಗ ಬಿಟ್ಟ. "ಕೈಗೆ ಒತ್ತಬಾರದು, ಸಡಿಲಾನೂ ಆಗಬಾರದು," ಎಂದು ನನ್ನ ಕೈಯನ್ನು ಮತ್ತೆ ಮತ್ತೆ ಹಾಕಿಸಿ ನೋಡಿದ. ರವಿಕೆಯ ಖಣದ ತುಂಡಿನಲ್ಲಿ ಲಂಗ ಮಾಡಿದೆವು.

ಕ್ಲಾಸಿಗೆ ತಂದ ದಿನ ಅವಳು ಮಾಡಿದ ಮೊದಲ ಕೆಲಸ ಅ ಆ ಇ ಈಯನ್ನು ಹಿಂದುಮುಂದಾಗಿ ಹೇಳಿದ್ದು. ಮಕ್ಕಳು ಮೊದಲು ಸುಮ್ಮನೆ ನೋಡಿದರು. ಆಮೇಲೆ ಹಿಂದಿನ ಸಾಲಿನಿಂದ ಒಬ್ಬಳು ಎದ್ದು, "ಹಂಗಲ್ಲ ಕಣೆ," ಎಂದಳು. "ಹಂಗೇ," ಎಂದಿತು ಗೊಂಬೆ. "ಹಂಗಲ್ಲ," ಎಂದು ಇಡೀ ಕ್ಲಾಸು ಕೂಗಿತು. ಅವತ್ತಿನಿಂದ ಅವರಿಗೆ ಬಾಯಿ ಬಂತು. ಮಕ್ಕಳು ಅವಳಿಗೆ ಬಾಯಿಬಡಕಿ ಎಂದು ಹೆಸರಿಟ್ಟರು.

ಅವಳ ಬಗ್ಗೆ ಒಂದು ಮಾತು ಹೇಳಬೇಕು. ಈ ವಿದ್ಯೆ ಗೊತ್ತಿಲ್ಲದವರು ಇದನ್ನು ಬರೀ ಗಂಟಲಿನ ಚಮತ್ಕಾರ ಎಂದುಕೊಳ್ಳುತ್ತಾರೆ. ಬೆನ್ನೊಳಗೆ ಕೈ ಹಾಕಿದ ಸ್ವಲ್ಪ ಹೊತ್ತಿಗೆ ಆ ಹತ್ತಿ ನನ್ನ ಕೈಯಷ್ಟೇ ಬೆಚ್ಚಗಾಗುತ್ತಿತ್ತು. ಆಮೇಲೆ ನಾನು ಯೋಚಿಸಿ ಹೇಳಿಸಬೇಕಾಗಿರಲಿಲ್ಲ. ನಾನು ಎದುರು ಮಾತಾಡದೆ ಬೆಳೆದವಳು. ಬಸ್ಸಿನಲ್ಲಿ ಯಾರಾದರೂ ಕಾಲು ತುಳಿದರೆ ನಾನೇ ಸರಿದು ನಿಲ್ಲುವವಳು. ಅವಳು ಹಾಗಿರಲಿಲ್ಲ. "ಟೀಚರ್, ನಿನ್ನೆ ಒಂದು ಹೇಳಿದ್ರಿ, ಇವತ್ತು ಒಂದು ಹೇಳ್ತೀರಿ," ಎಂದು ನನ್ನನ್ನೇ ದಬಾಯಿಸುತ್ತಿದ್ದಳು. ಅವಳು ಏನು ಅಂದುಬಿಟ್ಟಳೆಂದು ನನಗೇ ಆಮೇಲೆ ಆಶ್ಚರ್ಯವಾಗುತ್ತಿತ್ತು. ಊರಿಗೆ ಹೋಗುವಾಗ ಕೈಚೀಲದಲ್ಲಿ ಅವಳ ತಲೆಯನ್ನು ಹೊರಗೆ ಬಿಟ್ಟೇ ಒಯ್ಯುತ್ತಿದ್ದೆ. ಮುಖ ಕೆಳಗೆ ಮಾಡಿ ತುರುಕಲು ಕೈ ಬರುತ್ತಿರಲಿಲ್ಲ.

ಈಗ ಹೆಡ್‌ಮೇಷ್ಟ್ರ ವಿಷಯ. ಅವರು ಕೆಟ್ಟವರೆಂದು ಊರಿನಲ್ಲಿ ಯಾರೂ ಹೇಳುತ್ತಿರಲಿಲ್ಲ. ಇಸ್ತ್ರಿ ಮಾಡಿದ ಬಿಳಿ ಅಂಗಿ, ಎಲ್ಲರಿಗೂ ನಮಸ್ಕಾರ, ಕಂಠಪಾಠವಾದ ಭಾಷಣ. ನನ್ನ ಕ್ಲಾಸಿನ ಗಲಾಟೆ ಕೇಳಿ ಒಂದು ದಿನ ಕಿಟಕಿಯಲ್ಲಿ ನಿಂತರು. ಮಕ್ಕಳ ಜೊತೆ ತಾವೂ ನಕ್ಕರು. ಸಂಜೆ ನನ್ನನ್ನು ಕರೆದರು.

"ಹೊನ್ನಾಳಿಯಾಗೆ ತಾಲ್ಲೂಕು ಮೇಷ್ಟ್ರುಗಳ ಸಮಾವೇಶ ಐತೆ. ಪ್ರತಿ ಶಾಲೆಯಿಂದ ಏನಾದ್ರೂ ಹೊಸದು ತೋರಿಸಬೇಕು. ನಿಮ್ಮ ಗೊಂಬೇನ ಒಯ್ಯೋಣ."

ನನಗೆ ನೆಲದ ಮೇಲೆ ಕಾಲು ನಿಲ್ಲಲಿಲ್ಲ. ಅಪ್ಪನಿಗೆ ಅವತ್ತೇ ಕಾಗದ ಹಾಕಿದೆ. ಮರುವಾರ ಹೆಡ್‌ಮೇಷ್ಟ್ರು ಮತ್ತೆ ಕರೆದರು. ಈ ಸಲ ಮಾತಿನ ಧಾಟಿ ಬೇರೆಯಾಗಿತ್ತು.

"ನೋಡ್ರಿ ಟೀಚರಮ್ಮ, ನಾನು ಯೋಚನೆ ಮಾಡಿದೆ. ಅಷ್ಟು ಮಂದಿ ಗಂಡಸರ ಮುಂದೆ ಸ್ಟೇಜ್ ಮೇಲೆ ಕೂತು ಗೊಂಬೆ ಆಡಿಸೋದು ನಿಮಗೆ ಶೋಭೆ ಅಲ್ಲ. ನಾಳೆ ನಿಮ್ಮೋರೇ ಏನಾದ್ರೂ ಅಂದಾರು."

"ನಮ್ಮೋರು ಯಾರೂ ಏನೂ ಅನ್ನಲ್ಲ ಸಾರ್. ನಮ್ಮಪ್ಪನೇ ಹೊಲ್ದು ಕೊಟ್ಟಿರೋದು."

"ನಿಮಗೆ ಗೊತ್ತಾಗಲ್ಲ. ಸಣ್ಣ ವಯಸ್ಸು. ಗೊಂಬೆ ನಾನು ಹಿಡ್ಕೊಂತೀನಿ. ನೀವು ಪರದೆ ಹಿಂದೆ ನಿಂತು ಮಾತಾಡ್ರಿ. ನಿಮಗೂ ಸಲೀಸು, ತುಟಿ ಬಿಗಿ ಹಿಡಿಯೋ ತಾಪತ್ರಯ ಇಲ್ಲ."

ನಮ್ಮೋರು! ನನ್ನನ್ನು ಓದಿಸಿದವರು, ಒಬ್ಬಳನ್ನೇ ಪರ ಊರಿಗೆ ಕಳಿಸಿದವರು, ಗೊಂಬೆಗೆ ಹತ್ತಿ ತುಂಬಿದವರು ನಮ್ಮೋರು. ಅವರ ಹೆಸರು ಹೇಳಿ ನನ್ನನ್ನು ಪರದೆಯ ಹಿಂದೆ ನಿಲ್ಲಿಸಿದವರು ಇವರು. ನಾನು ಕೆಲಸಕ್ಕೆ ಸೇರಿ ಹೆಚ್ಚು ದಿನವಾಗಿರಲಿಲ್ಲ. ಇನ್ನೂ ಕಾಯಂ ಆಗಿರಲಿಲ್ಲ. ಆಗಲಿ ಸಾರ್ ಎಂದೆ. ಗಂಟಲಿನಲ್ಲಿ ಬೇರೆ ಮಾತಿತ್ತು.

ಹುಡುಗಿ ಗೊಂಬೆ ಗಂಡಸಿನ ತೊಡೆಯ ಮೇಲೆ ಕೂತರೆ ಚೆನ್ನಾಗಿರುವುದಿಲ್ಲ ಎಂದು ಅವರಿಗೆ ಅನ್ನಿಸಿದ್ದು ಆಮೇಲೆ. ಕತ್ತರಿ ಕೆಲಸ ಆದದ್ದು ಆಗ. ಲಂಗ ಬಿಚ್ಚಿ ಅವರ ಮನೆಯ ಯಾವುದೋ ಮಗುವಿನ ಚಡ್ಡಿ ಅಂಗಿ ತೊಡಿಸಿದರು. ಕತ್ತರಿಸಿದ ಜಡೆಗಳನ್ನು ನಾನು ಸೆರಗಿನಲ್ಲಿ ಕಟ್ಟಿಕೊಂಡು ಮನೆಗೆ ಹೋದೆ. ಆ ಸಂಜೆ ಅಡಿಗೆ ಮಾಡಲಿಲ್ಲ.

ಹೊನ್ನಾಳಿಯ ಸಮಾವೇಶದಲ್ಲಿ ಪರದೆಯ ಹಿಂದೆ ನನಗೆ ಕುರ್ಚಿ ಕೂಡ ಹಾಕಿರಲಿಲ್ಲ. ನಿಂತೇ ಮಾತಾಡಿದೆ. ಪರದೆಯಲ್ಲಿ ಒಂದು ತೂತಿತ್ತು. ಅದರಿಂದ ಹೆಡ್‌ಮೇಷ್ಟ್ರ ಬೆನ್ನೂ ಗೊಂಬೆಯ ತಲೆಯ ಹಿಂಭಾಗವೂ ಕಾಣುತ್ತಿತ್ತು. ಅವರು ದಾರವನ್ನು ತಪ್ಪು ಹೊತ್ತಿಗೆ ಎಳೆಯುತ್ತಿದ್ದರು. ನಾನು ಅವರ ಕೈಗೆ ಹೊಂದಿಸಿಕೊಂಡು ಮಾತನ್ನು ಹಿಂದೆ ಮುಂದೆ ಮಾಡಬೇಕಾಗಿತ್ತು. ತುಟಿ ಬಿಗಿ ಹಿಡಿಯಬೇಕಾಗಿಲ್ಲ ಎಂದಿದ್ದರಲ್ಲ, ಪ್ರಯತ್ನಿಸಿ ನೋಡಿದೆ. ತುಟಿ ಆಡಿಸಿದರೆ ಅವಳ ದನಿ ಬರಲೇ ಇಲ್ಲ, ನನ್ನ ದನಿ ಬಂತು. ಯಾರೂ ನೋಡದ ಆ ಕತ್ತಲೆಯ ಮೂಲೆಯಲ್ಲಿಯೂ ನಾನು ತುಟಿ ಅಲ್ಲಾಡಿಸದೆ ಮಾತಾಡಿದೆ.

ಜನ ಬಿದ್ದು ಬಿದ್ದು ನಕ್ಕರು. ಮುಗಿದ ಮೇಲೆ ಹೆಡ್‌ಮೇಷ್ಟ್ರಿಗೆ ಹಾರ ಹಾಕಿದರು. "ತುಟಿ ಒಂದಿಷ್ಟೂ ಅಲ್ಲಾಡಲಿಲ್ಲ ನೋಡ್ರಿ," ಎಂದು ಯಾರೋ ಹೇಳಿದ್ದು ಪರದೆಯ ಈಚೆಗೆ ಚೆನ್ನಾಗಿ ಕೇಳಿಸಿತು. ಹೇಗೆ ಅಲ್ಲಾಡೀತು, ಆ ಮನುಷ್ಯ ಮಾತಾಡಿರಲೇ ಇಲ್ಲವಲ್ಲ.

ಅಪ್ಪ ಜಗಳೂರಿನಿಂದ ಬಸ್ಸು ಬದಲಿಸಿ ಬದಲಿಸಿ ಬಂದಿದ್ದ. ಮಗಳು ಸ್ಟೇಜಿನ ಮೇಲೆ ಕೂರುತ್ತಾಳೆಂದು ಹೊಸ ರುಮಾಲು ಸುತ್ತಿದ್ದ. ಹಿಂದಿನ ಸಾಲಿನಲ್ಲಿ ಕೂತು ಪೂರ್ತಿ ನೋಡಿ, ಕಟ್ಟಡ ಸುತ್ತಿಕೊಂಡು ಹಿಂಬಾಗಿಲಿಗೆ ಬಂದ. ನಾನು ಅಲ್ಲಿ ಮಡಕೆಯಿಂದ ನೀರು ಕುಡಿಯುತ್ತಿದ್ದೆ.

"ಅದು ನಿನ್ನ ದನಿ ಅಲ್ಲೇನವ್ವ?"

"ಹೌದು ಅಪ್ಪ."

"ಒಳಗಿರೋ ಹತ್ತಿ ನಂದು. ಕೂದ್ಲು ನಿಮ್ಮವ್ವಂದು, ಅದೂ ಕಾಣಲಿಲ್ಲ. ಅವರದೇನೈತೆ ಅದ್ರಾಗೆ?"

ನಾನು ಉತ್ತರ ಕೊಡುವಷ್ಟರಲ್ಲಿ ಹಾರ ಹಾಕಿಕೊಂಡೇ ಹೆಡ್‌ಮೇಷ್ಟ್ರು ಬಂದರು. ಇವರು ನಮ್ಮಪ್ಪ ಎಂದೆ. "ಓಹೋ, ಬಹಳ ಸಂತೋಷ," ಎಂದು ಕೈಮುಗಿದರು. ಗೊಂಬೆಯ ಮೈ ಯಾರು ಹೊಲಿದದ್ದೆಂದು ನಾನು ಹೇಳಿದೆ. "ಹೊಲಿಗೆ ಗಟ್ಟಿ ಐತೆ," ಎಂದು ಮೆಚ್ಚಿಕೊಂಡರು. "ನಮ್ಮ ಮನೀಗೂ ಎರಡು ಗಾದಿ ಹೊಲ್ದು ಕೊಡ್ರಲ್ಲ. ಹತ್ತಿ ಒಳ್ಳೇದು ಹಾಕ್ರಿ." ಅಪ್ಪ ಅವರ ಮುಖವನ್ನೇ ನೋಡಿದ. "ಈಗ ಪುರುಸೊತ್ತಿಲ್ರಿ," ಎಂದ. ಬಸ್‌ಸ್ಟ್ಯಾಂಡಿನವರೆಗೂ ನನಗಿಂತ ಮುಂದೆ ನಡೆದ. ಬಸ್ಸು ಹತ್ತುವಾಗ, "ಹಿಂಗೇ ನಡಿಸ್ಕೊಂಡು ಹೋಗಬ್ಯಾಡ," ಎಂದ.

ಆದರೆ ನಡೆಯಿತು. ಒಂದು ಕಡೆ ಮಾಡಿದರೆ ಇನ್ನೊಂದು ಕಡೆಯವರು ಕರೆಯುತ್ತಿದ್ದರು. ಸವಳಂಗದ ಶಾಲೆ, ಕೆರೆಬಿಳಚಿಯ ಶಾಲೆ, ಸೂಳೆಕೆರೆಯ ಸುತ್ತಿನ ಹಳ್ಳಿಗಳು. ಹೆಡ್‌ಮೇಷ್ಟ್ರು ಬಸ್ಸಿನಲ್ಲಿ ಮುಂದಿನ ಸೀಟಿನಲ್ಲಿ ಗೊಂಬೆಯನ್ನು ಪಕ್ಕಕ್ಕಿಟ್ಟುಕೊಂಡು ಕೂರುತ್ತಿದ್ದರು. ಹಿಂದೆ ಹೆಂಗಸರ ಸಾಲಿನಲ್ಲಿ ನಾನು. ಜನ ಅವರನ್ನು ಗೊಂಬೆ ಮೇಷ್ಟ್ರು ಎಂದು ಕರೆಯತೊಡಗಿದರು. ಆಟ ಮುಗಿದ ಮೇಲೆ ಗೊಂಬೆಯನ್ನು ನನಗೆ ಕೊಡುವುದನ್ನೂ ನಿಲ್ಲಿಸಿದರು. ಆಫೀಸು ಕೋಣೆಯ ಬೀರುವಿನಲ್ಲಿಟ್ಟು ಬೀಗ ಹಾಕಿಕೊಂಡರು. ನನ್ನ ಕ್ಲಾಸಿನ ಮಕ್ಕಳು ಬಾಯಿಬಡಕಿ ಎಲ್ಲಿ ಎಂದು ಕೇಳಿದರೆ ಊರಿಗೆ ಹೋಗಿದ್ದಾಳೆ ಎನ್ನುತ್ತಿದ್ದೆ. ಒಂದು ದಿನ ಒಬ್ಬ ಹುಡುಗ ಬೀರುವಿನ ಬಾಗಿಲಿಗೆ ಬಾಯಿ ಇಟ್ಟು ಅವಳನ್ನು ಕರೆಯುತ್ತಿದ್ದ. ನಾನು ಅವನನ್ನು ಎತ್ತಿಕೊಂಡು ಬಂದೆ.

ಮಾತುಗಳನ್ನೂ ಅವರೇ ಬರೆಯತೊಡಗಿದರು. ಮೊದಮೊದಲು ಸ್ವಂತ ಹೊಗಳಿಕೆ. "ನಿನಗೆ ವಿದ್ಯೆ ಕಲಿಸಿದೋರು ಯಾರು?" ಎಂದು ಅವರು ಕೇಳಬೇಕು, "ನಮ್ಮ ಹೆಡ್‌ಮೇಷ್ಟ್ರು" ಎಂದು ಗೊಂಬೆ ಹೇಳಬೇಕು. ಅದನ್ನು ಹೇಳಿದೆ. ಆಮೇಲೆ ಹೆಂಗಸರ ಮೇಲೆ ಹಾಸ್ಯ ಬಂತು. ಟೀಚರಮ್ಮಂದಿರು ಕ್ಲಾಸಿನಲ್ಲಿ ಸ್ವೆಟರ್ ಹೆಣೆಯುತ್ತಾರೆ, ಟೀಚರಮ್ಮಂದಿರು ಸಾರಿನ ಬಗ್ಗೆ ಮಾತಾಡುತ್ತಾರೆ, ಟೀಚರಮ್ಮಂದಿರಿಗೆ ಮಗ್ಗಿ ಬರುವುದಿಲ್ಲ. ಗಂಡಸರು ತೊಡೆ ತಟ್ಟಿ ನಗುತ್ತಿದ್ದರು. ಮುಂದೆ ಕೂತ ಟೀಚರುಗಳೂ ಸೆರಗು ಬಾಯಿಗೆ ಇಟ್ಟುಕೊಂಡು ನಗಬೇಕಾಗುತ್ತಿತ್ತು. ಅವರನ್ನು ಅಣಕಿಸುತ್ತಿದ್ದುದು ನನ್ನ ಗಂಟಲು. ಮಕ್ಕಳ ಬಾಯಿ ಬಿಡಿಸಲೆಂದು ನಾನು ಕಟ್ಟಿದ ದನಿ ಅದು.

"ಸಾರ್, ಈ ಸ್ವೆಟರ್ ಮಾತು ಬ್ಯಾಡ. ನಾನು ಹೇಳಲ್ಲ," ಎಂದು ಒಂದು ಸಲ ಹೇಳಿದೆ.

"ನೀವೆಲ್ಲಿ ಹೇಳ್ತೀರಿ, ಗೊಂಬೆ ಹೇಳೋದು," ಎಂದರು ಅವರು. ನಕ್ಕರು. ತಾವು ಹೇಳಿದ್ದು ಬಹಳ ಚೆನ್ನಾಗಿದೆ ಎಂದು ಅವರಿಗೆ ಅನ್ನಿಸಿತ್ತು.

ಚನ್ನಗಿರಿಯ ಕಾರ್ಯಕ್ರಮ ಎಲ್ಲಕ್ಕಿಂತ ದೊಡ್ಡದು. ಶಾಲೆಯ ಬಯಲಿನಲ್ಲಿ ಶಾಮಿಯಾನ ಹಾಕಿದ್ದರು. ಇಲಾಖೆಯ ದೊಡ್ಡ ಅಧಿಕಾರಿಗಳು ಸೋಫಾದ ಮೇಲೆ ಕೂತಿದ್ದರು. ಮಟಮಟ ಮಧ್ಯಾಹ್ನ. ಪರದೆಯ ಹಿಂದೆ ಗಾಳಿ ಇರಲಿಲ್ಲ, ನನ್ನ ರವಿಕೆ ಬೆನ್ನಿಗೆ ಅಂಟಿತ್ತು. ಹೆಡ್‌ಮೇಷ್ಟ್ರು ಆರಂಭಿಸಿದರು. ಎಲ್ಲ ಎಂದಿನಂತೆ ಸಾಗಿತು. ಆಮೇಲೆ ಅವರು ಕೇಳಿದರು.

"ಏನಪ್ಪಾ, ನಿಮ್ಮ ಟೀಚರಮ್ಮ ಏನ್ಮಾಡ್ತಾರೆ ಈಗ?"

"ಸ್ವೆಟರ್ ಹೆಣೀತಾರೆ" ಎನ್ನಬೇಕಾಗಿತ್ತು. ನನ್ನ ಬಾಯಿಂದ ಅದು ಬರಲಿಲ್ಲ.

"ತರದೆ ಹಿಂದೆ ನಿಂತಾರೆ," ಎಂದಿತು ಗೊಂಬೆ, ಪರದೆಯ ಪ ಬರುವ ಕಡೆ ತ ಹಾಕಿ.

ಹೆಡ್‌ಮೇಷ್ಟ್ರ ಬೆನ್ನು ನೆಟ್ಟಗಾಯಿತು. ದಾರ ತಡವಾಗಿ ಎಳೆದರು. ಜನ ನಗುತ್ತಿದ್ದರು. ಏನಾದರೂ ಕೇಳಲೇಬೇಕಾಗಿತ್ತು, ಕೇಳಿದರು.

"ಅ... ಯಾಕಪ್ಪಾ ಅಲ್ಲಿ ನಿಂತಾರೆ?"

"ನನ್ನ ದನಿ ಅವರ ಹತ್ರ ಐತೆ. ನಿನ್ನ ಹತ್ರ ಇರೋದು ದಾರ ಅಷ್ಟೆ."

ಜನ ಇನ್ನೂ ಜೋರಾಗಿ ನಕ್ಕರು. ಅದೂ ಆಟದ ಭಾಗ ಎಂದುಕೊಂಡರು. ಆ ನಗು ಕೇಳಿದಾಗ ಬಂದ ಸಿಟ್ಟು ಜಡೆ ಕತ್ತರಿಸಿದ ದಿನವೂ ಬಂದಿರಲಿಲ್ಲ. ಇದ್ದದ್ದನ್ನು ಇದ್ದ ಹಾಗೆ ಹೇಳಿದರೂ ಹಾಸ್ಯವಾಗುತ್ತಿತ್ತು. ನಾನು ಪರದೆ ಸರಿಸಿ ಹೊರಗೆ ಬಂದೆ. ಬೆಳಕು ಕಣ್ಣಿಗೆ ಹೊಡೆಯಿತು. ಹೆಡ್‌ಮೇಷ್ಟ್ರ ಕುರ್ಚಿಯ ಪಕ್ಕದಲ್ಲಿ ನಿಂತು, ಸೋಫಾದಲ್ಲಿದ್ದವರನ್ನೇ ನೋಡುತ್ತಾ, ತುಟಿ ಅಲ್ಲಾಡಿಸದೆ ಮಾತು ಮುಂದುವರಿಸಿದೆ. ನಾನು ಹೆಣ್ಣು ಗೊಂಬೆ, ನನ್ನ ಜಡೆ ಕತ್ತರಿಸಿದರು, ನನ್ನನ್ನು ಮಾಡಿದವಳು ಇವಳು, ಇವಳಿಗೆ ಕುರ್ಚಿ ಹಾಕಲಿಲ್ಲ. ಹೆಡ್‌ಮೇಷ್ಟ್ರ ಕೈ ನಿಂತುಬಿಟ್ಟಿತ್ತು. ಗೊಂಬೆಯ ಬಾಯಿ ಮುಚ್ಚಿತ್ತು. ದನಿ ಮಾತ್ರ ಬರುತ್ತಿತ್ತು. ಶಾಮಿಯಾನದಲ್ಲಿ ನಗು ನಿಂತಿತು.

ಈಗ ಇವರಿಗೆಲ್ಲ ತಿಳಿಯಿತು ಎಂದುಕೊಂಡೆ. ಸೋಫಾದ ನಡುವೆ ಕೂತಿದ್ದ ಅಧಿಕಾರಿಗಳು ಕೈ ತಟ್ಟಿದರು. "ಭೇಷ್ ಹೆಡ್‌ಮೇಷ್ಟ್ರೇ," ಎಂದರು. "ನಿಮ್ಮ ಸಹಾಯಕರಿಗೂ ಚೆನ್ನಾಗಿ ಕಲಿಸಿದ್ದೀರಿ."

ಎಲ್ಲರೂ ಕೈ ತಟ್ಟಿದರು. ಹೆಡ್‌ಮೇಷ್ಟ್ರು ನಿಧಾನವಾಗಿ ಎದ್ದು ನಿಂತು ಕೈಮುಗಿದರು.

ನಾನು ಗೊಂಬೆಯನ್ನು ಹಿಡಿದು ಎಳೆದೆ. ಅವರು ಬಿಡಲಿಲ್ಲ. ಮುಖದಲ್ಲಿ ನಗು ಹಾಗೇ ಇಟ್ಟುಕೊಂಡು, ಹಲ್ಲುಗಳ ನಡುವಿನಿಂದ, "ಕೈ ತೆಗೀರಿ, ಎಲ್ಲಾರೂ ನೋಡ್ತಾರೆ," ಎಂದರು. ಆ ಒಂದು ಸಲ ಅವರ ತುಟಿ ಅಲ್ಲಾಡಲಿಲ್ಲ. ನಾನು ಮತ್ತೆ ಎಳೆದೆ. ಕುತ್ತಿಗೆಯ ಹೊಲಿಗೆ ಹರಿಯಿತು. ತಲೆ ಅವರ ಕೈಯಲ್ಲಿ ಉಳಿಯಿತು, ಮೈ ನನ್ನ ಕೈಗೆ ಬಂತು. ಹತ್ತಿ ಸ್ಟೇಜಿನ ಮೇಲೆಲ್ಲ ಚೆಲ್ಲಿತು. ಮುಂದಿನ ಸಾಲಿನ ಮಕ್ಕಳು ಕೂಗಿಕೊಂಡರು, ಒಂದು ಮಗು ಅತ್ತಿತು. ನಾನು ಮಂಡಿಯೂರಿ ಹತ್ತಿಯನ್ನು ಸೆರಗಿಗೆ ತುಂಬಿಕೊಂಡೆ. ಯಾರೂ ಬಂದು ಕೈ ಹಾಕಲಿಲ್ಲ. ಸೆರಗು ಕಟ್ಟಿಕೊಂಡು ಸ್ಟೇಜಿನ ಮುಂದಿನ ಮೆಟ್ಟಿಲು ಇಳಿದು ಜನರ ನಡುವಿನಿಂದಲೇ ಹೊರಗೆ ನಡೆದೆ.

ಆಮೇಲೆ ಆಗುವುದು ಆಯಿತು. ಶಿಸ್ತು ಇಲ್ಲದವಳು, ತಲೆ ಸರಿ ಇಲ್ಲ, ಹಿಡಿತವಿಲ್ಲದ ಬಾಯಿ. ನನ್ನನ್ನು ಸವಳಂಗದಾಚೆಯ ಒಂದು ಹಳ್ಳಿಗೆ ಹಾಕಿದರು. ಬಸ್ಸು ಇಳಿದು ಬಹಳ ದೂರ ನಡೆಯಬೇಕಾಗಿತ್ತು. ಅಲ್ಲಿ ಗೊಂಬೆ ಇಲ್ಲದೆ ಪಾಠ ಮಾಡಿದೆ. ಜನ ಒಳ್ಳೆಯವರು, ಮಕ್ಕಳು ಚುರುಕು. ಆದರೆ ನನ್ನ ಕೈ ಖಾಲಿಯಾಗಿತ್ತು. ಬಲಗೈಯನ್ನು ಎಲ್ಲಿಡಬೇಕೆಂದು ತಿಳಿಯುತ್ತಿರಲಿಲ್ಲ. ಕ್ಲಾಸಿನಲ್ಲಿ ಮಾತಾಡುವಾಗ ಹೆಬ್ಬೆರಳು ತಾನೇ ಒಳಗೆ ಮಡಚಿ ದಾರ ಎಳೆಯುತ್ತಿತ್ತು. ಇನ್ನೊಂದು ಗೊಂಬೆ ಮಾಡು ಎಂದು ಅಪ್ಪ ಹೇಳಿದ. ಮಾಡಲು ಕೂತೆ, ಆಗಲಿಲ್ಲ. ಎಷ್ಟು ಮುದ್ದೆ ರುಬ್ಬಿದರೂ ಬೇರೆ ಯಾರದೋ ಮುಖ ಬರುತ್ತಿತ್ತು.

ಎಂಬತ್ತರ ದಶಕದಲ್ಲಿ ಹೊನ್ನಾಳಿಯ ಶಾಲೆಗೆ ವರ್ಗವಾಗಿ ಬಂದೆ. ಮದುವೆಯಾಗಿತ್ತು, ಮನೆಯವರು ಅಲ್ಲೇ ಹೊಲಿಗೆ ಮಷಿನ್ ರಿಪೇರಿ ಅಂಗಡಿ ಇಟ್ಟಿದ್ದರು. ಒಂದು ಭಾನುವಾರ ಬೆಳಿಗ್ಗೆ ಬಾಗಿಲಲ್ಲಿ ಹೆಡ್‌ಮೇಷ್ಟ್ರು ನಿಂತಿದ್ದರು. ಕೂದಲು ನರೆತಿತ್ತು. ಅಂಗಿ ಮಾತ್ರ ಹಾಗೇ ಇಸ್ತ್ರಿಯದು. ಕಂಕುಳಲ್ಲಿ ಟವೆಲ್ಲಿನಲ್ಲಿ ಸುತ್ತಿದ ಒಂದು ಗಂಟಿತ್ತು. ಒಳಗೆ ಕರೆದು ಚಾಪೆ ಹಾಸಿ, ಚಹಾ ಕೊಟ್ಟೆ.

"ನಾನು ರಿಟೈರ್ ಆಗ್ತಾ ಇದ್ದೀನಿ ಟೀಚರಮ್ಮ. ಇಲ್ಲೇ ಹೊನ್ನಾಳಿಯಾಗೆ ಸನ್ಮಾನ ಇಟ್ಕೊಂಡಾರೆ. ಎಲ್ಲಾರೂ ಒಂದೇ ಮಾತು, ಗೊಂಬೆ ಮಾತಾಡಿಸ್ಲೇಬೇಕು ಅಂತ."

"ಮಾತಾಡಿಸ್ರಿ."

ಅವರು ಚಹಾದ ಲೋಟ ಕೆಳಗಿಟ್ಟರು. "ನಿಮಗೆ ಗೊತ್ತಲ್ಲ. ನೀವು ಹೋದ ಮ್ಯಾಲೆ ನಾನೂ ಕಲಿಯಾಕೆ ನೋಡಿದೆ. ಕನ್ನಡಿ ಮುಂದೆ ನಿಂತು ನಿಂತು ಸಾಕಾತು. ಬರಲಿಲ್ಲ. ಕೇಳಿದೋರಿಗೆಲ್ಲ ಗಂಟಲು ಸರಿ ಇಲ್ಲ, ಡಾಕ್ಟ್ರು ಬ್ಯಾಡ ಅಂದಾರೆ ಅಂತ ಹೇಳ್ಕೊಂಡು ಬಂದೀನಿ. ಇದೊಂದು ಸಲ ಪರದೆ ಹಿಂದೆ ನಿಂತು..."

ಮತ್ತೆ ಪರದೆ. ಇಷ್ಟು ವರ್ಷವಾದ ಮೇಲೆಯೂ ಆ ಮನುಷ್ಯನಿಗೆ ನನ್ನನ್ನು ನಿಲ್ಲಿಸಲು ಬೇರೆ ಜಾಗ ತೋಚಿರಲಿಲ್ಲ.

"ಟವೆಲ್ ಬಿಚ್ರಿ," ಎಂದೆ.

ಬಿಚ್ಚಿದರು. ಅವಳ ತಲೆ. ಯಾರೋ ಬಣ್ಣ ಬಳಿದು, ಮೂತಿಯ ಮೇಲೆ ಮೀಸೆ ಬರೆದಿದ್ದರು. ರಬ್ಬರು ಸತ್ತು ದವಡೆ ಜೋತು ಬಿದ್ದಿತ್ತು. ಒಂದು ಕಿವಿ ಮುರಿದಿತ್ತು. ನಾನು ತೆಗೆದುಕೊಂಡು ಕುತ್ತಿಗೆಯೊಳಗೆ ಬೆರಳು ಹಾಕಿದೆ. ತಣ್ಣಗಿತ್ತು. ಆಮೇಲೆ ದವಡೆಯನ್ನು ಹೆಬ್ಬೆರಳಿನಿಂದ ಎತ್ತಿ ಹಿಡಿದೆ. ಇಷ್ಟು ವರ್ಷ ಬಳಸದ ಆ ದನಿ ಇದೆಯೋ ಇಲ್ಲವೋ ನನಗೆ ತಿಳಿದಿರಲಿಲ್ಲ. ಇತ್ತು.

"ಎದ್ದು ಹೋಗ್ರಿ ಸಾರ್," ಎಂದಳು ಅವಳು.

ಹೆಡ್‌ಮೇಷ್ಟ್ರ ಕಣ್ಣು ತುಂಬಿತು. ಮುಂದಕ್ಕೆ ಬಾಗಿ, "ಹಂಗನ್ನಬ್ಯಾಡವ್ವ. ನಾನು ನಿನ್ನ ಚೆನ್ನಾಗೇ ಇಟ್ಕೊಂಡಿದ್ದೆ," ಎಂದರು. ಆ ಮಾತು ನನಗೆ ಹೇಳಿದ್ದಲ್ಲ, ಗೊಂಬೆಗೆ ಹೇಳಿದ್ದು. ನಾನು ಅಲ್ಲೇ ಒಂದು ಮೊಳ ದೂರದಲ್ಲಿ ಕೂತಿದ್ದೆ, ನನ್ನ ಕೈ ಅದರೊಳಗಿತ್ತು. ಅವರು ನನ್ನ ಕಡೆ ಕಣ್ಣೆತ್ತಲಿಲ್ಲ. ಅವರು ಒಳ್ಳೆಯ ಮನಸ್ಸಿನಿಂದಲೇ ಅಳುತ್ತಿದ್ದಿರಬಹುದು. ಅದರಿಂದ ನನಗೆ ಕನಿಕರ ಹುಟ್ಟಲಿಲ್ಲ. ಹುಟ್ಟಬೇಕಾಗಿತ್ತು ಎಂದು ನನ್ನ ಮನೆಯವರು ಇಂದಿಗೂ ಹೇಳುತ್ತಾರೆ.

ನಾನು ಬೆರಳು ತೆಗೆದು, ತಲೆಯನ್ನು ಮಡಿಲಲ್ಲಿ ಇಟ್ಟುಕೊಂಡು, ನನ್ನ ದನಿಯಲ್ಲಿ ಹೇಳಿದೆ. "ನಾನು ಬರಲ್ಲ ಸಾರ್. ಇದನ್ನೂ ಕೊಡಲ್ಲ. ಬೇಕಾದ್ರೆ ಅಲ್ಲಿ ಸ್ಟೇಜ್ ಮೇಲೆ ನಿಂತು, ಮಾತಾಡಿದ್ದು ಯಾರು ಅಂತ ಹೇಳ್ರಿ. ನಾನು ಮುಂದಿನ ಸಾಲಿನಾಗೆ ಕೂತು ಕೇಳ್ತೀನಿ."

"ಈ ವಯಸ್ಸಿನಾಗೆ ನನ್ನ ಮರ್ಯಾದೆ ತೆಗೀತೀರೇನ್ರಿ?"

"ನಂದು ತೆಗೆದಾಗ ನನ್ನ ವಯಸ್ಸು ಎಷ್ಟಿತ್ತು ಅಂತ ನಿಮಗೆ ನೆನಪೈತಾ?"

ಅವರು ಟವೆಲ್ ಮಡಚಿ ಕಂಕುಳಲ್ಲಿಟ್ಟುಕೊಂಡು ಹೋದರು. ಸನ್ಮಾನ ನಡೆಯಿತು. ಗೊಂಬೆಗೆ ಗೆದ್ದಲು ಹಿಡಿಯಿತು ಎಂದು ಅವರು ಸಭೆಗೆ ಹೇಳಿದರಂತೆ. ಸಭೆಯವರು ಅಯ್ಯೋ ಎಂದರಂತೆ. ಶಾಲು, ಹಾರ, ಫಲತಾಂಬೂಲ ಎಲ್ಲ ಆಯಿತಂತೆ.

ಆ ವರ್ಷ ನಮ್ಮ ಶಾಲೆಯ ವಾರ್ಷಿಕೋತ್ಸವದಲ್ಲಿ ನಾನು ಸ್ಟೇಜಿನ ನಡುವೆ ಒಂದು ಕುರ್ಚಿ ಹಾಕಿಸಿಕೊಂಡು ಕೂತೆ. ಮೀಸೆ ಅಳಿಸಿ, ಎತ್ತಿಟ್ಟಿದ್ದ ಮೈಗೆ ತಲೆ ಹೊಲಿದು, ಅವ್ವನ ಜಡೆ ಮತ್ತೆ ಕಟ್ಟಿದ ಗೊಂಬೆ ನನ್ನ ತೊಡೆಯ ಮೇಲಿತ್ತು. ಆಟ ಅರ್ಧಕ್ಕೆ ಬಂದಿದ್ದಾಗ ಪಕ್ಕದ ಶಾಲೆಯ ಒಬ್ಬ ಮೇಷ್ಟ್ರು, ಎಲ್ಲರಿಗೂ ಕೇಳುವ ಹಾಗೆ, "ಪರವಾಗಿಲ್ಲ. ಆದ್ರೆ ಗೊಂಬೆ ಮೇಷ್ಟ್ರು ಮಾಡ್ತಿದ್ದಂಗೆ ಬರಲ್ಲ ಬಿಡ್ರಿ," ಎಂದರು.

ನಾನು ಗೊಂಬೆಯ ಬಾಯಿಂದ ಉತ್ತರ ಕೊಡಿಸಲಿಲ್ಲ. ಎದ್ದು ನಿಂತು, ನಾನೇ ಹೇಳಿದೆ. ನ್ಯಾಮತಿ, ಪರದೆ, ಕತ್ತರಿ, ಚನ್ನಗಿರಿ, ಎಲ್ಲ ಹೇಳಿದೆ. ಜೋರಾಗಿಯೇ ಹೇಳಿದೆ. ಕೆಲವರು ತಲೆ ಕೆಳಗೆ ಹಾಕಿದರು. ಕೆಲವರು ಇದೆಲ್ಲ ಈಗ ಯಾಕೆ ಎಂಬಂತೆ ಒಬ್ಬರನ್ನೊಬ್ಬರು ನೋಡಿಕೊಂಡರು. ಆ ಮೇಷ್ಟ್ರು ನಂಬಿದರೋ ಇಲ್ಲವೋ ನನಗೆ ಗೊತ್ತಿಲ್ಲ. ಮಾತು ಮುಗಿಸಿ ನಾನು ಹಾಗೇ ನಿಂತಿದ್ದೆ. ಮುಂದಿನ ಸಾಲಿನಲ್ಲಿ ನೆಲದ ಮೇಲೆ ಕೂತಿದ್ದ ಹುಡುಗಿಯೊಬ್ಬಳು ಕೇಳಿದಳು.

"ಟೀಚರ್, ಅವಳು ಆಮ್ಯಾಲೆ ಏನಂದ್ಲು?"

ಕುರ್ಚಿಯ ಮೇಲೆ ಕೂತು ಆಟ ಮುಂದುವರಿಸಿದೆ.